‘ಒಳ್ಳೇದಕ್ಕೇ ಹೇಳಿದ್ದು’ ಅನ್ನುವ ಮಾತಿನ ಹಿಂದೆ

ಅವಳು ಕೆಲಸ ಮುಗಿಸಿ ಬಂದು ಮಂಚದ ಅಂಚಿನಲ್ಲಿ ಕೂತಿದ್ದಳು. ಒಂದು ಕಾಲಿನ ಚಪ್ಪಲಿಯ ಪಟ್ಟಿ ಬಿಚ್ಚಿ ಆಗಿತ್ತು, ಇನ್ನೊಂದಕ್ಕೆ ಕೈ ಹಾಕಿದ್ದಳು. ಎಂಟು ತಿಂಗಳು ತಾನು ಕೂತು ಮಾಡಿದ ಕೆಲಸವನ್ನು ಅವತ್ತು ಮೀಟಿಂಗ್‌ನಲ್ಲಿ ಬೇರೆಯವರ ಹೆಸರಲ್ಲಿ ತೋರಿಸಿದರಂತೆ. ಹೇಳುವಾಗ ಧ್ವನಿ ಸಣ್ಣಗೆ ನಡುಗುತ್ತಿತ್ತು. ನಾನು ಬಾಗಿಲಿಗೆ ಒರಗಿ ನಿಂತಿದ್ದೆ. “ನಾನು ಮೊದಲೇ ಹೇಳಿದ್ದೆ ಅಲ್ವಾ, ಎಲ್ಲವನ್ನೂ ಮೇಲ್‌ನಲ್ಲಿ ಹಾಕಿಟ್ಟುಕೋ ಅಂತ” ಅಂದೆ.

ಪಟ್ಟಿಯ ಮೇಲಿದ್ದ ಕೈ ಅಲ್ಲೇ ನಿಂತಿತು. “ಸರಿ ಬಿಡು” ಅಂದಳು. ಆಮೇಲೆ ಎದ್ದು ಮುಖ ತೊಳೆಯಲು ಹೋದಳು.

ನನ್ನ ಲೆಕ್ಕದಲ್ಲಿ ಆ ಸಂಜೆ ಅಲ್ಲಿಗೆ ಮುಗಿಯಿತು. ಮೂರು ತಿಂಗಳಾದ ಮೇಲೆ ಏನೋ ಮಾತಿನ ನಡುವೆ, ಜಗಳವೂ ಇಲ್ಲದ ಹೊತ್ತಿನಲ್ಲಿ, ಅವಳು ಹೇಳಿದಳು: “ಆ ದಿನದಿಂದ ಆಫೀಸಿನ ವಿಷಯ ನಿನ್ನ ಹತ್ತಿರ ಹೇಳೋದು ಬಿಟ್ಟಿದ್ದೀನಿ. ನೀನು ಗಮನಿಸಿಲ್ಲ.”

ನಿಜ, ಗಮನಿಸಿರಲಿಲ್ಲ. ಮೊದಲು ಬಂದದ್ದು ಸಿಟ್ಟು. “ನಿನ್ನ ಒಳ್ಳೇದಕ್ಕೇ ಹೇಳಿದ್ದು” ಅಂದೆ. ಅದು ಸುಳ್ಳಲ್ಲ. ಆದರೆ ಪೂರ್ತಿ ನಿಜವೂ ಅಲ್ಲ ಅಂತ ಅರ್ಥವಾಗಲು ತುಂಬ ದಿನ ಬೇಕಾಯಿತು. ಆ ದಿನಗಳಲ್ಲಿ ನಾನು ಓದಿದ್ದು, ಯೋಚಿಸಿದ್ದು, ಮಾಡಿ ನೋಡಿದ್ದು ಇಲ್ಲಿದೆ. ತೀರಾ ಹತ್ತಿರದವರ ಜೊತೆ ಬದುಕುವಾಗ ನಮ್ಮನ್ನು ನಾವೇ ಪ್ರಾಮಾಣಿಕವಾಗಿ ನೋಡಿಕೊಳ್ಳುವುದು ಯಾಕಿಷ್ಟು ಕಷ್ಟ, ಅದನ್ನು ಎಲ್ಲಿಂದ ಶುರು ಮಾಡಬಹುದು ಅನ್ನುವುದು ವಿಷಯ.

ತನ್ನ ಬೆನ್ನು ತನಗೆ ಕಾಣದು ಅಂತಾರೆ. ಸಂಬಂಧದಲ್ಲಿ ಇದಕ್ಕೆ ಒಂದು ಸರಳ ಕಾರಣ ಇದೆ. ನನ್ನ ಮನಸ್ಸಿನ ಒಳಗೆ ಕೂತಿರುವವನು ನಾನೊಬ್ಬನೇ. ನಾನು ಒರಟಾಗಿ ಮಾತಾಡಿದರೆ, ಹಿಂದಿನ ರಾತ್ರಿ ನಿದ್ದೆ ಬಂದಿರಲಿಲ್ಲ ಅನ್ನುವುದು ನನಗೆ ಗೊತ್ತು. ಅವಳು ಒರಟಾಗಿ ಮಾತಾಡಿದರೆ ನನಗೆ ಕೇಳಿಸುವುದು ಒರಟು ಮಾತು ಮಾತ್ರ. ನನ್ನನ್ನು ನನ್ನ ಉದ್ದೇಶದಿಂದ ಅಳೆಯುತ್ತೇನೆ, ಅವಳನ್ನು ಅವಳ ನಡೆಯಿಂದ ಅಳೆಯುತ್ತೇನೆ. ಅತ್ತ ಕಡೆಯೂ ಅದೇ ಕತೆ. ಇಬ್ಬರ ತಕ್ಕಡಿಯೂ ತಮ್ಮ ತಮ್ಮ ಕಡೆಗೇ ವಾಲಿರುತ್ತದೆ. ಯಾರೂ ಮೋಸ ಮಾಡಬೇಕು ಅಂತ ಹೊರಟಿರುವುದಿಲ್ಲ.

1979ರಲ್ಲಿ ಮೈಕೆಲ್ ರಾಸ್ ಮತ್ತು ಫಿಯೋರೆ ಸಿಕೋಲಿ ಎಂಬ ಮನಃಶಾಸ್ತ್ರಜ್ಞರು ಕೆನಡಾದಲ್ಲಿ 37 ದಂಪತಿಗಳಿಗೆ 20 ವಿಷಯಗಳ ಪಟ್ಟಿ ಕೊಟ್ಟರು. ಮನೆ ಗುಡಿಸುವುದು, ಮಕ್ಕಳನ್ನು ನೋಡಿಕೊಳ್ಳುವುದು, ಹೀಗೆ. ಪ್ರತಿಯೊಂದರಲ್ಲೂ ನಿಮ್ಮ ಪಾಲು ಎಷ್ಟು ಅಂತ ಗಂಡ ಹೆಂಡತಿಯನ್ನು ಬೇರೆ ಬೇರೆ ಕೇಳಿದರು. ಇಬ್ಬರ ಉತ್ತರ ಕೂಡಿದರೆ ನೂರಕ್ಕೆ ನೂರು ಬರಬೇಕು. 20ರಲ್ಲಿ 16 ವಿಷಯಗಳಲ್ಲಿ ಅದಕ್ಕಿಂತ ಜಾಸ್ತಿ ಬಂತು.

ಇಷ್ಟು ಕೇಳಿದರೆ ‘ಎಲ್ಲರಿಗೂ ತಾನು ಮಾಡಿದ್ದೇ ದೊಡ್ಡದು’ ಅಂದುಕೊಂಡು ಮುಂದೆ ಹೋಗಿಬಿಡಬಹುದು. ಆದರೆ ಆ ಪಟ್ಟಿಯಲ್ಲಿ ‘ಜಗಳ ಹುಟ್ಟುಹಾಕುವುದು’ ಅನ್ನುವಂಥ ಕೆಟ್ಟ ವಿಷಯಗಳೂ ಇದ್ದವು. ಅಲ್ಲೂ ಜನ ತಮ್ಮ ಪಾಲನ್ನು ಜಾಸ್ತಿಯೇ ಹೇಳಿದ್ದರು. ಅಂದರೆ ಇದು ಬರೀ ಜಂಬದ ವಿಷಯ ಅಲ್ಲ, ನೆನಪಿನದ್ದೂ ಹೌದು. ನಾನು ಮಾಡಿದ್ದು ನನಗೆ ಥಟ್ಟನೆ ನೆನಪಾಗುತ್ತದೆ, ಯಾಕೆಂದರೆ ಮಾಡುವಾಗ ನಾನು ಅಲ್ಲೇ ಇದ್ದೆ. ಅವಳು ಮಾಡಿದ್ದರಲ್ಲಿ ಅರ್ಧಕ್ಕರ್ಧ ನನ್ನ ಕಣ್ಣಿಗೇ ಬಿದ್ದಿರುವುದಿಲ್ಲ. ಕಣ್ಣಿಗೆ ಬೀಳದ್ದು ಲೆಕ್ಕಕ್ಕೆ ಬರುವುದು ಹೇಗೆ?

ಇದನ್ನು ಓದಿದಾಗ ನನಗೆ ಒಂಥರಾ ಸಮಾಧಾನ ಆಯಿತು. ‘ಎಲ್ಲಾ ನಾನೇ ಮಾಡ್ತೀನಿ’ ಅಂತ ಇಬ್ಬರೂ ಹೇಳುತ್ತಿದ್ದ ಕಾಲವೊಂದಿತ್ತು. ಇಬ್ಬರಲ್ಲಿ ಒಬ್ಬರು ಸುಳ್ಳು ಹೇಳುತ್ತಿರಬೇಕು ಅಂದುಕೊಂಡಿದ್ದೆ. ಇಬ್ಬರೂ ತಮಗೆ ಕಂಡದ್ದನ್ನೇ ಹೇಳುತ್ತಿದ್ದೆವು, ಅಷ್ಟೇ.

ಸರಿ, ಹಾಗಾದರೆ ಒಳಗೆ ಇಳಿದು ಉದ್ದೇಶವನ್ನೇ ಹುಡುಕೋಣ ಅನಿಸುತ್ತದೆ. ಆತ್ಮಾವಲೋಕನ ಅಂದಾಗ ನಮ್ಮಲ್ಲಿ ಹೆಚ್ಚಿನವರ ಕಣ್ಣ ಮುಂದೆ ಬರುವ ಚಿತ್ರ ಅದೇ: ಕಣ್ಣು ಮುಚ್ಚಿ ಕೂತು ‘ನಾನು ಯಾಕೆ ಹೀಗೆ ಮಾಡಿದೆ’ ಅಂತ ಕೇಳಿಕೊಳ್ಳುವುದು. ಇಲ್ಲೊಂದು ತೊಡಕಿದೆ. ನಾವು ಯಾಕೆ ಏನನ್ನು ಮಾಡಿದೆವು ಅನ್ನುವುದು ನಮಗೆ ಗೊತ್ತಿರುತ್ತದೆ ಅಂತ ನಂಬಿದ್ದೇವಲ್ಲ, ಆ ನಂಬಿಕೆಯೇ ಅಷ್ಟು ಗಟ್ಟಿ ಇಲ್ಲ.

1977ರಲ್ಲಿ ರಿಚರ್ಡ್ ನಿಸ್ಬೆಟ್ ಮತ್ತು ತಿಮೊತಿ ವಿಲ್ಸನ್ ಬರೆದ ಪ್ರಬಂಧದಲ್ಲಿ ಒಂದು ಪ್ರಸಂಗ ಬರುತ್ತದೆ. ಮೇಜಿನ ಮೇಲೆ ನಾಲ್ಕು ಜೊತೆ ನೈಲಾನ್ ಕಾಲುಚೀಲ ಸಾಲಾಗಿ ಇಟ್ಟಿದ್ದರು. ಯಾವುದು ಚೆನ್ನಾಗಿದೆ ಅಂತ ಕೇಳಿದರು. ಬಹಳ ಜನ ಬಲತುದಿಯದ್ದನ್ನು ಆರಿಸಿದರು. ಯಾಕೆ ಅಂದರೆ ನೇಯ್ಗೆ ಚೆನ್ನಾಗಿದೆ, ನಯವಾಗಿದೆ ಅಂತ ಕಾರಣ ಕೊಟ್ಟರು. ನಾಲ್ಕೂ ಒಂದೇ ಥರದವು, ಏನೇನೂ ವ್ಯತ್ಯಾಸ ಇರಲಿಲ್ಲ. ‘ಅದು ಬಲಗಡೆ ಇತ್ತು ಅಂತ ಆರಿಸಿದಿರಾ’ ಎಂದು ನೇರವಾಗಿ ಕೇಳಿದರೂ ಹೆಚ್ಚುಕಮ್ಮಿ ಎಲ್ಲರೂ ಇಲ್ಲ ಅಂದರು. ಅವರು ಬೇಕು ಅಂತ ಸುಳ್ಳು ಹೇಳಿರಲಿಲ್ಲ. ಮನಸ್ಸು ಮೊದಲು ಕೆಲಸ ಮುಗಿಸಿ, ಆಮೇಲೆ ಒಪ್ಪುವಂಥ ಕಾರಣವೊಂದನ್ನು ಕಟ್ಟಿ ಕೈಗೆ ಕೊಟ್ಟಿತ್ತು.

ಕಾಲುಚೀಲಕ್ಕೇ ಹೀಗಾದರೆ, ಪ್ರೀತಿ, ಹೊಟ್ಟೆಕಿಚ್ಚು, ಭಯ ಎಲ್ಲ ಸುತ್ತಿಕೊಂಡಿರುವ ಸಂಬಂಧದಲ್ಲಿ ನಾನು ಕೊಡುವ ಕಾರಣವನ್ನು ಎಷ್ಟು ನಂಬಬೇಕು?

ಆ ಸಂಜೆಯ ಮಾತನ್ನೇ ತೆಗೆದುಕೊಳ್ಳಿ. ಯಾಕೆ ಹಾಗಂದೆ? ಮೊದಲ ಉತ್ತರ: ಸಹಾಯ ಮಾಡಲು. ಇನ್ನೊಂದಷ್ಟು ಹೊತ್ತು ಕೂತರೆ ಇನ್ನೊಂದು ಉತ್ತರ ಬರುತ್ತದೆ: ನಾನು ಹೇಳಿದ್ದೇ ಸರಿಯಾಯಿತು ಅನ್ನುವ ಸಣ್ಣ ಖುಷಿ. ಅವಳು ಅಳುವ ಹೊತ್ತಿನಲ್ಲಿ ನನಗೆ ಅಂಥದ್ದೊಂದು ಖುಷಿ ಇತ್ತು ಅಂತ ಒಪ್ಪಿಕೊಳ್ಳಲು ಗಂಟಲು ಕಟ್ಟುತ್ತದೆ. ಇನ್ನೂ ಕೂತರೆ ಮೂರನೆಯದು: ಅವಳು ದುಃಖದಲ್ಲಿದ್ದರೆ ನನಗೆ ತಡೆದುಕೊಳ್ಳಲು ಆಗುವುದಿಲ್ಲ, ಅದು ಬೇಗ ಮುಗಿಯಲಿ ಅನಿಸುತ್ತದೆ, ಒಂದು ಸಲಹೆ ಎಸೆದರೆ ಮುಗಿಯುತ್ತದೆ. ಅಂದರೆ ಆ ಸಲಹೆ ಅವಳ ಸಂಕಟಕ್ಕೆ ಕೊಟ್ಟದ್ದಲ್ಲ, ನನ್ನ ಚಡಪಡಿಕೆಗೆ ಕೊಟ್ಟುಕೊಂಡದ್ದು.

ಮೂರರಲ್ಲಿ ಯಾವುದು ನಿಜ? ನನ್ನಿಂದ ಆಣೆ ಮಾಡಿ ಹೇಳಲು ಆಗುವುದಿಲ್ಲ. ಮೂರನೆಯದು ಆಳವಾಗಿ ಕಾಣುತ್ತದೆ ಅನ್ನುವ ಒಂದೇ ಕಾರಣಕ್ಕೆ ಅದೇ ನಿಜ ಅಂದುಬಿಟ್ಟರೆ ಅದೂ ಬಲತುದಿಯ ಕಾಲುಚೀಲವೇ ಆಗಿರಬಹುದು. ಹೀಗಾಗಿ ನನಗೆ ಒಂದು ಮಾತು ಖಚಿತವಾಗಿದೆ. ಈ ಕೆಲಸವನ್ನು ಉದ್ದೇಶದಿಂದ ಶುರು ಮಾಡಬಾರದು, ನಡೆಯಿಂದ ಶುರು ಮಾಡಬೇಕು. ‘ನಾನು ಯಾಕೆ ಹೀಗಿದ್ದೇನೆ’ ಅನ್ನುವ ಪ್ರಶ್ನೆಗೆ ಮನಸ್ಸು ಎಷ್ಟು ಕತೆ ಬೇಕಾದರೂ ಹೆಣೆಯುತ್ತದೆ. ‘ಹೋದ ವಾರ ನಾನು ಎಷ್ಟು ಸಲ ಆ ಮಾತು ಆಡಿದೆ’ ಅನ್ನುವುದಕ್ಕೆ ಕತೆ ನಡೆಯುವುದಿಲ್ಲ. ಅದಕ್ಕೆ ಬೇಕಾದದ್ದು ಒಂದು ಸಂಖ್ಯೆ.

ಎಣಿಸಬಹುದಾದ ಸಂಗತಿಗಳು ಬೇಕಾದಷ್ಟಿವೆ. ಅವಳ ಮಾತು ಮುಗಿಯುವ ಮೊದಲೇ ನಾನು ಬಾಯಿ ಹಾಕಿದ್ದು ಎಷ್ಟು ಸಲ. ಅವಳು ಮಾತಾಡುವಾಗ ಫೋನು ಮೇಲುಮುಖವಾಗಿ ಇತ್ತೋ, ಮಗುಚಿ ಇಟ್ಟಿದ್ದೆನೋ. ‘ಯಾವಾಗಲೂ ನೀನು’ ಅಂತ ಶುರುವಾದ ವಾಕ್ಯಗಳು ಎಷ್ಟು. ಜಗಳ ಆದ ಮೇಲೆ ಮೊದಲು ಮಾತಾಡಿಸಿದ್ದು ಯಾರು. ಸಣ್ಣ ಸಣ್ಣವು. ಆದರೆ ಇನ್ನೊಬ್ಬರನ್ನು ತಲುಪುವುದು ಇವೇ. ಉದ್ದೇಶ ನನ್ನ ಹತ್ತಿರವೇ ಉಳಿದುಬಿಡುತ್ತದೆ.

ಇನ್ನೊಂದು ಅಧ್ಯಯನದ ಬಗ್ಗೆ ಸ್ವಲ್ಪ ಹೇಳಲೇಬೇಕು. ರಾಯ್ ಬೌಮೈಸ್ಟರ್ ಮತ್ತು ಜೊತೆಗಾರರು 1990ರಲ್ಲಿ ಮಾಡಿದ್ದು. ಜನರಿಂದ ಎರಡೆರಡು ಪ್ರಸಂಗ ಬರೆಸಿದರು. ಒಂದು, ಬೇರೆಯವರು ನಿಮಗೆ ಸಿಟ್ಟು ತರಿಸಿದ್ದು. ಇನ್ನೊಂದು, ನೀವು ಬೇರೆಯವರಿಗೆ ಸಿಟ್ಟು ತರಿಸಿದ್ದು. ಬರೆದವರು ಅದೇ ಮನುಷ್ಯರು. ಆದರೂ ಎರಡು ಬರಹ ಬೇರೆ ಬೇರೆ ಜನ ಬರೆದ ಹಾಗಿದ್ದವು. ನೋವು ತಿಂದವರಾಗಿ ಬರೆಯುವಾಗ ಕತೆ ಹಿಂದಿನಿಂದ ಶುರುವಾಗುತ್ತದೆ: ಇದು ಮೊದಲ ಸಲ ಅಲ್ಲ, ಇದಕ್ಕೆ ಕಾರಣವೇ ಇರಲಿಲ್ಲ, ಇವತ್ತಿಗೂ ನೋಯುತ್ತದೆ. ನೋವು ಕೊಟ್ಟವರಾಗಿ ಬರೆಯುವಾಗ: ಆಗ ಪರಿಸ್ಥಿತಿ ಹಾಗಿತ್ತು, ಒಂದು ಸಲ ಹಾಗಾಯಿತು, ಈಗ ಎಲ್ಲ ಸರಿಹೋಗಿದೆ.

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅನ್ನುವ ಗಾದೆ ಇದೆಯಲ್ಲ, ಅದು ನೋಯಿಸುವ ಮಾತು ಅಂದವರ ಪಾಲಿಗೆ ನಿಜ. ಅನ್ನಿಸಿಕೊಂಡವರಿಗೆ ಅವತ್ತು ನಿದ್ದೆಯೇ ಬಂದಿರುವುದಿಲ್ಲ. ನನ್ನ ಪಾಲಿಗೆ ಒಂದು ಸಂಜೆಯಲ್ಲಿ ಮುಗಿದದ್ದು ಅವಳ ಪಾಲಿಗೆ ಮೂರು ತಿಂಗಳು ನಡೆದಿತ್ತು. ಅದಕ್ಕೇ ಈಗ ನನಗೆ ‘ಅದೆಲ್ಲ ಹಳೇ ವಿಷಯ’ ಅನ್ನುವ ಮಾತು ನಾಲಿಗೆಗೆ ಬಂದರೆ ಎಚ್ಚರ ಆಗುತ್ತದೆ. ಯಾರಿಗೆ ಹಳೆಯದು?

ಇಲ್ಲಿ ಒಂದು ಅಪಾಯ ಇದೆ. ಇದನ್ನೆಲ್ಲ ಓದಿ ಕೆಲವರು ತಮ್ಮನ್ನು ತಾವೇ ಹೊಡೆದುಕೊಳ್ಳಲು ಶುರು ಮಾಡುತ್ತಾರೆ. ‘ನಾನೇ ಸರಿ ಇಲ್ಲ, ನಿನಗೆ ನಾನು ತಕ್ಕವನಲ್ಲ’. ಕೇಳಲು ಪ್ರಾಮಾಣಿಕವಾಗಿಯೇ ಇದೆ. ಆದರೆ ಗಮನಿಸಿ, ಈ ಮಾತು ಬಂದ ಕೂಡಲೇ ಏನಾಗುತ್ತದೆ? ನೋವಾದವರು ತಮ್ಮ ನೋವನ್ನು ಪಕ್ಕಕ್ಕಿಟ್ಟು ನಮ್ಮನ್ನು ಸಮಾಧಾನ ಮಾಡಬೇಕಾಗುತ್ತದೆ. ಮಾತು ಮತ್ತೆ ನಮ್ಮ ಸುತ್ತಲೇ ಬಂದು ನಿಂತಿತು. ಮನಃಶಾಸ್ತ್ರದಲ್ಲಿ ಇದನ್ನು ಎರಡಾಗಿ ಬಿಡಿಸಿ ನೋಡುತ್ತಾರೆ. ‘ನಾನು ಮಾಡಿದ್ದು ತಪ್ಪು’ ಅನ್ನುವ ಭಾವನೆ ಬೇರೆ, ‘ನಾನೇ ಕೆಟ್ಟವನು’ ಅನ್ನುವುದು ಬೇರೆ. ಜೂನ್ ಟ್ಯಾಂಗ್ನಿ ಎಂಬ ಸಂಶೋಧಕಿ ವರ್ಷಗಟ್ಟಲೆ ಈ ವ್ಯತ್ಯಾಸದ ಮೇಲೆ ಕೆಲಸ ಮಾಡಿದ್ದಾರೆ. ಮೊದಲನೆಯದು ಆಗಿದ್ದನ್ನು ಸರಿಪಡಿಸುವ ಕಡೆಗೆ ಕರೆದುಕೊಂಡು ಹೋಗುತ್ತದೆ. ಎರಡನೆಯದು ಅಡಗಿಕೊಳ್ಳುವ ಕಡೆಗೆ, ಇಲ್ಲವೇ ತಿರುಗಿ ಬೀಳುವ ಕಡೆಗೆ ತಳ್ಳುತ್ತದೆ. ತಪ್ಪು ಒಂದು ನಡೆ, ಅದನ್ನು ಬದಲಾಯಿಸಬಹುದು. ಇಡೀ ಮನುಷ್ಯನೇ ತಪ್ಪು ಅಂದಮೇಲೆ ಬದಲಾಯಿಸಲು ಏನು ಉಳಿಯಿತು?

ರಾತ್ರಿಯೆಲ್ಲ ಅದನ್ನೇ ಮೆಲುಕು ಹಾಕುವುದೂ ಅಷ್ಟೇ. ಗಾಣದೆತ್ತಿನ ಹಾಗೆ ಸುತ್ತಿದ್ದೇ ಸುತ್ತಿದ್ದು. ಬೆಳಿಗ್ಗೆ ಎದ್ದಾಗ ಹೊಸದಾಗಿ ಒಂದು ವಿಷಯವೂ ಗೊತ್ತಾಗಿರದಿದ್ದರೆ ಅದು ನೋಡಿಕೊಂಡದ್ದಲ್ಲ, ಸುಮ್ನೆ ನೊಂದುಕೊಂಡದ್ದು.

ಹಾಗಾದರೆ ಮಾಡುವುದು ಹೇಗೆ? ಮೊದಲು ಹೊತ್ತು ಸರಿ ಇರಬೇಕು. ಜಗಳದ ಮಧ್ಯೆ ಯಾರೂ ತಮ್ಮನ್ನು ತಾವು ನೋಡಿಕೊಳ್ಳಲಾರರು. ದಂಪತಿಗಳ ಮಾತುಕತೆಯನ್ನು ದಶಕಗಳ ಕಾಲ ಅಳೆದು ನೋಡಿದ ಜಾನ್ ಗಾಟ್‌ಮನ್ ಹೇಳುವ ಪ್ರಕಾರ, ಎದೆಬಡಿತ ನಿಮಿಷಕ್ಕೆ 100 ದಾಟಿದರೆ ಎದುರಿನವರ ಮಾತು ತಲೆಗೆ ಹೋಗುವುದು ಕಷ್ಟ. ಮೈ ಆಗಲೇ ಹೊಡೆದಾಟಕ್ಕೋ ಓಡಿಹೋಗುವುದಕ್ಕೋ ಸಿದ್ಧವಾಗಿರುತ್ತದೆ. ಇಳಿಯಲು ಕಡಿಮೆ ಅಂದರೂ 20 ನಿಮಿಷ ಬೇಕು. ಆ 20 ನಿಮಿಷ ಮನಸ್ಸಿನಲ್ಲೇ ಮುಂದಿನ ವಾದ ಕಟ್ಟುತ್ತಾ ಕೂತರೆ ಇಳಿಯುವುದೂ ಇಲ್ಲ. ‘ನನಗೆ ಸ್ವಲ್ಪ ಹೊತ್ತು ಬೇಕು, ಆಮೇಲೆ ನಾನೇ ಬಂದು ಮಾತಾಡ್ತೀನಿ’ ಅಂತ ಹೇಳಿ ಹೋಗಬೇಕು. ಹೇಳದೆ ಎದ್ದು ಹೋದರೆ ಅದು ಬಾಗಿಲು ಹಾಕಿದ ಹಾಗೆ. ಹೇಳಿದಂತೆ ವಾಪಸ್ ಬರಲೂ ಬೇಕು.

ಆಮೇಲೆ ಬರೆಯುವುದು. ಇದನ್ನು ನಾನು ತುಂಬ ನಂಬುತ್ತೇನೆ, ಯಾಕೆಂದರೆ ಮಾಡಿ ನೋಡಿದ್ದೇನೆ. 2013ರಲ್ಲಿ ಎಲೈ ಫಿಂಕೆಲ್ ಮತ್ತು ತಂಡದವರು ಪ್ರಕಟಿಸಿದ ಅಧ್ಯಯನವೊಂದಿದೆ. ಅಮೆರಿಕದಲ್ಲಿ 120 ದಂಪತಿಗಳನ್ನು ಎರಡು ವರ್ಷ ಗಮನಿಸಿದರು. ಮೊದಲ ವರ್ಷ ಒಟ್ಟಾರೆಯಾಗಿ ದಾಂಪತ್ಯದ ತೃಪ್ತಿ ಸ್ವಲ್ಪ ಸ್ವಲ್ಪವೇ ಇಳಿಯಿತು. ಎರಡನೇ ವರ್ಷ ಅರ್ಧದಷ್ಟು ದಂಪತಿಗಳಿಗೆ ಒಂದು ಬರವಣಿಗೆಯ ಕೆಲಸ ಕೊಟ್ಟರು. ಇತ್ತೀಚಿನ ಒಂದು ಜಗಳವನ್ನು, ಇಬ್ಬರಿಗೂ ಒಳ್ಳೆಯದಾಗಲಿ ಅಂತ ಬಯಸುವ ಮೂರನೆಯವರೊಬ್ಬರು ನೋಡಿದ್ದರೆ ಹೇಗೆ ಕಾಣುತ್ತಿತ್ತು ಅಂತ ಬರೆಯಬೇಕು. ಹಾಗೆ ನೋಡಲು ನಿಮಗೆ ಏನು ಅಡ್ಡ ಬರುತ್ತದೆ, ಮುಂದಿನ ಸಲ ಹೇಗೆ ನೋಡುತ್ತೀರಿ ಅನ್ನುವುದನ್ನೂ ಬರೆಯಬೇಕು. ಒಂದು ಸಲಕ್ಕೆ 7 ನಿಮಿಷ, ವರ್ಷಕ್ಕೆ ಮೂರು ಸಲ. ಒಟ್ಟು 21 ನಿಮಿಷ. ಬರೆದವರಲ್ಲಿ ಆ ಇಳಿತ ನಿಂತಿತು, ಬರೆಯದವರಲ್ಲಿ ಮುಂದುವರಿಯಿತು. ಬರೆದವರು ಜಗಳ ಆಡುವುದನ್ನೇನೂ ಕಮ್ಮಿ ಮಾಡಿರಲಿಲ್ಲ. ಆ ಜಗಳಗಳು ಅವರನ್ನು ಕಲಕುವುದು ಕಮ್ಮಿಯಾಗಿತ್ತು.

ಮೂರನೆಯವರ ಕಣ್ಣು ಯಾಕೆ ಕೆಲಸ ಮಾಡುತ್ತದೆ ಅನ್ನುವುದಕ್ಕೆ ನಮ್ಮ ಅನುಭವವೇ ಸಾಕ್ಷಿ. ಗೆಳೆಯನ ಮನೆಯ ಜಗಳಕ್ಕೆ ನಾವು ಎಷ್ಟು ಚೆನ್ನಾಗಿ ಬುದ್ಧಿ ಹೇಳುತ್ತೇವೆ! ನಮ್ಮದೇ ಜಗಳದಲ್ಲಿ ಆ ಬುದ್ಧಿ ಎಲ್ಲಿ ಹೋಗಿರುತ್ತದೋ. ಇಗೋರ್ ಗ್ರಾಸ್‌ಮನ್ ಮತ್ತು ಈಥನ್ ಕ್ರಾಸ್ 2014ರಲ್ಲಿ ಇದನ್ನೇ ಪರೀಕ್ಷೆ ಮಾಡಿದರು. ಸಂಗಾತಿ ಮೋಸ ಮಾಡಿದ ಸನ್ನಿವೇಶ ಕೊಟ್ಟು, ಅದು ನಿಮಗೇ ಆಗಿದೆ ಅಂದುಕೊಳ್ಳಿ ಅಂತ ಕೆಲವರಿಗೆ, ಸ್ನೇಹಿತರಿಗೆ ಆಗಿದೆ ಅಂದುಕೊಳ್ಳಿ ಅಂತ ಇನ್ನು ಕೆಲವರಿಗೆ ಹೇಳಿದರು. ಸ್ನೇಹಿತರ ಬಗ್ಗೆ ಯೋಚಿಸಿದವರ ವಿವೇಕ ಜಾಸ್ತಿ ಇತ್ತು. ತಮ್ಮ ಕಷ್ಟವನ್ನೇ ಹೊರಗಿನವರ ಹಾಗೆ ದೂರದಿಂದ ನೋಡಲು ಹೇಳಿದಾಗ ಆ ಅಂತರ ಮುಚ್ಚಿಹೋಯಿತು. ವಿವೇಕ ಇಲ್ಲದೆ ಅಲ್ಲ, ನಿಂತ ಜಾಗ ಸರಿ ಇರಲಿಲ್ಲ.

ನಾನು ಬರೆಯುವಾಗ ಒಂದು ನಿಯಮ ಇಟ್ಟುಕೊಂಡಿದ್ದೇನೆ. ಕ್ಯಾಮೆರಾಕ್ಕೆ ಕಾಣದ್ದನ್ನು ಮೊದಲ ಪುಟದಲ್ಲಿ ಬರೆಯುವ ಹಾಗಿಲ್ಲ. ‘ಅವಳು ಮುನಿಸಿಕೊಂಡಳು’ ಅಂತ ಬರೆಯುವ ಹಾಗಿಲ್ಲ. ‘ಪಟ್ಟಿಯ ಮೇಲಿದ್ದ ಕೈ ನಿಂತಿತು, ಸರಿ ಬಿಡು ಅಂದಳು’ ಅಂತ ಬರೆಯಬಹುದು. ‘ನಾನು ಸಲಹೆ ಕೊಟ್ಟೆ’ ಅಂತ ಇಲ್ಲ, ಆಡಿದ ಮಾತನ್ನೇ ಅಕ್ಷರಕ್ಕೆ ಅಕ್ಷರ ಇಳಿಸಬೇಕು. ಆ ಸಂಜೆಯನ್ನು ಹಾಗೆ ಬರೆದಾಗಲೇ ನನಗೆ ಮೊದಲ ಸಲ ಕಂಡದ್ದು: ನಾನು ಬಾಗಿಲ ಹತ್ತಿರ ನಿಂತೇ ಇದ್ದೆ. ಒಳಗೆ ಬಂದಿರಲಿಲ್ಲ, ಕೂತಿರಲಿಲ್ಲ.

ಇಷ್ಟಾದ ಮೇಲೂ ಅರ್ಧ ಚಿತ್ರ ಮಾತ್ರ ಸಿಗುತ್ತದೆ. ಇನ್ನರ್ಧ ಇರುವುದು ಸಂಗಾತಿಯ ಹತ್ತಿರ. ಅದನ್ನು ಕೇಳಿಯೇ ತೆಗೆದುಕೊಳ್ಳಬೇಕು. ‘ನಾನು ಕೆಟ್ಟವನಾ?’ ಅಂತ ಕೇಳಿದರೆ ‘ಇಲ್ಲಪ್ಪ’ ಅನ್ನುವ ಉತ್ತರವೇ ಬರುತ್ತದೆ, ಅಂಥ ಪ್ರಶ್ನೆ ಉತ್ತರವನ್ನು ಬೇಡಿಕೊಂಡೇ ಹೊರಟಿರುತ್ತದೆ. ‘ಅವತ್ತು ನಾನು ಹಾಗಂದಾಗ ನಿನಗೆ ಏನನಿಸಿತು?’ ಅಂತ ಒಂದು ದಿನದ, ಒಂದು ಮಾತಿನ ಬಗ್ಗೆ ಕೇಳಿದರೆ ನಿಜ ಬರಬಹುದು. ಬಂದಾಗ ನಡುವೆ ಬಾಯಿ ಹಾಕದೆ ಕೇಳುವುದು ಎಲ್ಲಕ್ಕಿಂತ ಕಷ್ಟದ ಭಾಗ. ‘ನಾನು ಹಾಗೆ ಅಂದುಕೊಂಡು ಹೇಳಿದ್ದಲ್ಲ’ ಅನ್ನುವುದು ನಿಜವಾದರೂ, ಆ ಹೊತ್ತಿಗೆ ಬೇಡ. ಕ್ಷಮೆ ಕೇಳುವಾಗ ‘ಆದರೆ’ ಬಂತು ಅಂದರೆ ಅದರ ಹಿಂದಿನದ್ದೆಲ್ಲ ಅಳಿಸಿಹೋಯಿತು ಅಂತಲೇ ಲೆಕ್ಕ.

ಪ್ರಾಮಾಣಿಕತೆ ಅಂದರೆ ಮನಸ್ಸಿಗೆ ಬಂದದ್ದನ್ನೆಲ್ಲ ಅವರ ಮುಂದೆ ಸುರಿಯುವುದು ಅಂತ ಅರ್ಥ ಅಲ್ಲ. ಕ್ಷಣಕ್ಕೊಂದು ಬಂದು ಹೋಗುವ ಬೇಸರ, ಹೋಲಿಕೆ, ಅನುಮಾನ ಎಲ್ಲವನ್ನೂ ಹೇಳಿದರೆ ನಾವು ಹಗುರಾಗುತ್ತೇವೆ, ಹೊರುವವರು ಅವರು. ಆದರೆ ಅವರ ಬದುಕಿನ ತೀರ್ಮಾನಗಳನ್ನೇ ಬದಲಿಸಬಲ್ಲ ವಿಷಯ ಬೇರೆ. ಸಾಲ, ಕಾಯಿಲೆ, ಇನ್ನೊಂದು ಸಂಬಂಧ. ‘ಸುಮ್ನೆ ಅವರಿಗೆ ಯಾಕೆ ನೋವು’ ಅಂತ ಅದನ್ನು ಮುಚ್ಚಿಟ್ಟರೆ, ಆ ಕಾಳಜಿ ಯಾರ ಮೇಲಿನದು ಅಂತ ಎರಡು ಸಲ ಕೇಳಿಕೊಳ್ಳಬೇಕು.

ಇನ್ನೊಂದು ವಿಷಯವನ್ನು ಬಿಡಿಸಿ ಹೇಳಲೇಬೇಕು. ಇದೆಲ್ಲ ಇಬ್ಬರೂ ಭಯ ಇಲ್ಲದೆ ಮಾತಾಡಬಲ್ಲ ಸಂಬಂಧಕ್ಕೆ ಹೇಳಿದ್ದು. ಹೊಡೆತ, ಬೆದರಿಕೆ, ದುಡ್ಡು ಕೈಗೆ ಸಿಗದಂತೆ ಮಾಡುವುದು, ಬೇರೆಯವರ ಜೊತೆ ಮಾತಾಡಲು ಬಿಡದಿರುವುದು ಇದ್ದಲ್ಲಿ ‘ನನ್ನ ತಪ್ಪೇನು’ ಅಂತ ಹುಡುಕುವುದು ಮದ್ದಲ್ಲ. ಅಂಥ ಸಂಬಂಧದಲ್ಲಿ ಸಿಕ್ಕಿಕೊಂಡವರು ಆ ಪ್ರಶ್ನೆಯನ್ನು ಆಗಲೇ ಸಾವಿರ ಸಲ ಕೇಳಿಕೊಂಡಿರುತ್ತಾರೆ. ಚಪ್ಪಾಳೆಗೆ ಎರಡು ಕೈ ಬೇಕು ಅನ್ನುವ ಗಾದೆಯನ್ನು ಅವರ ಮೇಲೆ ಹೇರುವುದು ಅನ್ಯಾಯ. ಏಟಿಗೆ ಒಂದೇ ಕೈ ಸಾಕು. ಅಲ್ಲಿ ಮೊದಲು ಬೇಕಾದದ್ದು ಸುರಕ್ಷಿತವಾಗಿರುವುದು, ನಂಬಿಕೆಯ ಒಬ್ಬರಿಗಾದರೂ ಹೇಳುವುದು.

ನಾನು ಈಗಲೂ ಎಣಿಸುತ್ತೇನೆ. ಮಂಚದ ಪಕ್ಕದಲ್ಲಿ ಒಂದು ಸಣ್ಣ ಪುಸ್ತಕ ಇದೆ. ‘ನಾನು ಮೊದಲೇ ಹೇಳಿದ್ದೆ’ ಅಥವಾ ಅದೇ ಅರ್ಥದ ಮಾತು ಬಂದ ದಿನ ಅದರಲ್ಲಿ ಒಂದು ಗೆರೆ. ಮೊದಲ ತಿಂಗಳು ಹನ್ನೊಂದು ಗೆರೆ ಬಿತ್ತು. ನಾನು ಎರಡೋ ಮೂರೋ ಅಂದುಕೊಂಡಿದ್ದೆ. ಹೋದ ತಿಂಗಳು ನಾಲ್ಕು. ಪುಸ್ತಕ ಏನು ಅಂತ ಅವಳು ಕೇಳಿದಾಗ ತೋರಿಸಿದೆ. ಒಂದೊಂದೇ ಪುಟ ತಿರುಗಿಸಿದಳು, ಏನೂ ಮಾತಾಡಲಿಲ್ಲ. ಕೊನೆಯ ಪುಟಕ್ಕೆ ಬಂದು ನಿಂತಳು.

“ಒಂದು ಬಿಟ್ಟುಹೋಗಿದೆ” ಅಂದಳು. “ಭಾನುವಾರದ್ದು.”

ಎಷ್ಟು ಯೋಚಿಸಿದರೂ ನನಗೆ ಭಾನುವಾರದ್ದು ನೆನಪಾಗಲಿಲ್ಲ. ಏನಂದೆ ಅಂತ ಕೇಳಿದೆ. ಅವಳು ಹೇಳಿದಳು. ನಾನು ಪೆನ್ನು ತೆಗೆದು ಗೆರೆ ಎಳೆದೆ.